ಧೆಡಿಯನ್ನು ಕೇಳುವ ಮುಹೂರ್ತ

ಬಾಯಿ ಬಿಡಬೇಕಾದ ಹೊತ್ತಿಗೆ ಬಾಯಿ ಬಿಡದವರಿಗೆ ಇಂಥದ್ದೆಲ್ಲ ಆಗುತ್ತಲೇ ಇರುತ್ತದೆ. ಮಂಗಳೂರಿನ ಕದ್ರಿಯಲ್ಲಿ ಇಳಿಯಬೇಕಾದವಳು ಕಂಡಕ್ಟರಿಗೆ ಕೂಗಿ ಹೇಳಲು ನಾಚಿಕೆಯಾಗಿ, ಮುಂದಿನ ಸ್ಟಾಪಿನಲ್ಲಿ ಇಳಿದು ಬಿಸಿಲಿನಲ್ಲಿ ಹಿಂದೆ ನಡೆದು ಬರುವುದು ನನ್ನ ಮಾಮೂಲು ವ್ಯಾಯಾಮ. ಹಾಗಿರುವಾಗ ನನಗೆ ಮದುವೆ ನಿಶ್ಚಯವಾಯಿತು. ಹುಡುಗನಿಗೆ ಹೂಂ ಅನ್ನುವುದು ಕಷ್ಟವಾಗಲಿಲ್ಲ, ಯಾಕೆಂದರೆ ಕೇಳಿದವನು ಅವನು. ಕಷ್ಟವಾದದ್ದು ನಾನು ಕೇಳಬೇಕಾದ ಕಡೆ.

ನಮ್ಮ ಕೊಂಕಣಿ ಕ್ರಿಶ್ಚಿಯನ್ ಮದುವೆಯಲ್ಲಿ ಮದುಮಗಳ ಜೊತೆಗೆ ಧೆಡಿ ಅಂತ ಒಬ್ಬಳು ಇರುತ್ತಾಳೆ. ಗೌನು ಹಾಕಿ, ಹೂ ಹಿಡಿದು, ಇಗರ್ಜಿಯಿಂದ ಊಟದ ಹಾಲಿನವರೆಗೆ ಮದುಮಗಳ ಬೆನ್ನಿಗೇ ಇರಬೇಕಾದವಳು. ನನ್ನ ಧೆಡಿ ಯಾರು ಅಂತ ನನಗೆ ಒಂದನೇ ಕ್ಲಾಸಿನಿಂದ ಗೊತ್ತು. ಉರ್ವದ ನನ್ನ ಗೆಳತಿ, ಬಂಟರ ಹುಡುಗಿ. ಶಾಲೆಯಲ್ಲಿ ನನ್ನ ಪರವಾಗಿ ಎದ್ದು ನಿಂತು "ಮಿಸ್, ಇವಳಿಗೆ ಟಾಯ್ಲೆಟಿಗೆ ಹೋಗ್ಬೇಕಂತೆ" ಎನ್ನುತ್ತಿದ್ದವಳು. ಅವಳು ಹಿಂದಿಲ್ಲದೆ ಅಷ್ಟು ಜನರ ಮುಂದೆ ನಡೆಯುವುದು ನನ್ನಿಂದಾಗದ ಕೆಲಸ. ಗೊತ್ತಿಲ್ಲದ್ದು ಒಂದೇ: ಅವಳನ್ನು ಕೇಳುವುದು ಯಾವಾಗ?

ಬೇಗ ಕೇಳಿದರೆ

ಬೇಗ ಕೇಳಬಾರದು ಅಂತ ನಾನು ಮೊದಲೇ ಕಲಿತಿದ್ದೆ. ಇದಕ್ಕಿಂತ ಮುಂಚೆ ಒಂದು ಸಂಬಂಧ ಬಂದಿತ್ತು. ಹುಡುಗನ ಕಡೆಯವರು ಬಂದರು, ಮಮ್ಮಿ ಮಾಡಿದ ಕಟ್ಲೆಟ್ ಎರಡೆರಡು ಸಲ ಹಾಕಿಸಿಕೊಂಡರು, ಹೋಗುವಾಗ ರೆಸಿಪಿಯನ್ನೂ ಕೇಳಿದರು. ಇನ್ನೆಂತ, ಆದ ಹಾಗೆಯೇ ಅಂದುಕೊಂಡೆ. ಗೆಳತಿಯನ್ನು ಕೇಳುವ ಮೊದಲು ಬೇರೆ ಯಾರ ಮೇಲಾದರೂ ಪ್ರಾಕ್ಟೀಸ್ ಮಾಡಿ ನೋಡುವಾ ಅಂತ ಬಲ್ಮಠದ ಆಫೀಸಿನಲ್ಲಿ ಪಕ್ಕದ ಮೇಜಿನವಳಿಗೆ, "ಎರಡನೇ ಧೆಡಿ ಆಗ್ತೀಯಾ?" ಅಂದೆ. ಅವಳು ಖುಷಿಯಿಂದ ಒಪ್ಪಿ, ಗೌನಿಗೆ ಸಪೂರ ಆಗಬೇಕಲ್ಲ ಅಂತ ಆವತ್ತಿನಿಂದಲೇ ಅನ್ನ ಬಿಟ್ಟಳು.

ಆ ಕಡೆಯವರಿಂದ ಆಮೇಲೆ ಫೋನು ಬರಲಿಲ್ಲ. ಅವರಿಗೆ ಕಟ್ಲೆಟ್ ಮಾತ್ರ ಹಿಡಿಸಿದ್ದು. ನಾನು ಇದನ್ನು ಪಕ್ಕದ ಮೇಜಿಗೆ ಹೇಳಲು ನಾಚಿ ಸುಮ್ಮನಿದ್ದೆ, ಅವಳು ಸೌತೆಕಾಯಿ ತಿನ್ನುತ್ತಲೇ ಇದ್ದಳು. ಕೊನೆಗೆ ನನ್ನ ಮದುವೆಗೆಂದು ಸಪೂರ ಆದವಳಿಗೆ ಅವಳ ಮದುವೆಯೇ ಆಗಿಹೋಯಿತು.

ಕೇಳದಿದ್ದರೆ

ಈ ಸಲ ಹಾಗಾಗಬಾರದು ಅಂತ ಬಾಯಿ ಮುಚ್ಚಿಕೊಂಡು ಕೂತೆ. ಕುವೈತಿನಿಂದ ಮಾವ್ಶಿಯ, ಅಂದರೆ ಮಮ್ಮಿಯ ಅಕ್ಕನ ಫೋನು ಬಂತು.

"ಧೆಡಿಯ ಗೌನಿಗೆ ಎಂತ ಕಲರ್ ಪುತಾ?"

ಅವರ ಮಗಳು ಧೆಡಿ ಅಂತ ಯಾರೂ ಹೇಳಿರಲಿಲ್ಲ. ಅದನ್ನು ನಯವಾಗಿ ತಿಳಿಸುವಾ ಅಂತ, "ಇನ್ನೂ ಎಂತದ್ದೂ ಡಿಸೈಡ್ ಆಗ್ಲಿಲ್ಲ ಮಾವ್ಶಿ" ಅಂದೆ.

"ಹಾಗಾದ್ರೆ ಪೀಚ್ ಇರಲಿ. ಇವಳಿಗೆ ಅದು ಒಪ್ಪುತ್ತದೆ."

ಸಂಜೆಗೆ ಬಟ್ಟೆಯ ಫೋಟೋ ಬಂತು, ಮರುದಿನ ಅದನ್ನು ಕತ್ತರಿಸಿದ ಫೋಟೋ.

"ನೀನು ಬೇಡ ಅಂತ ಹೇಳ್ಬೇಕಿತ್ತು" ಅಂದರು ಮಮ್ಮಿ.

"ನೀವೇ ಹೇಳಿ."

"ನಾನಾ? ಅವಳು ನನಗಿಂತ ದೊಡ್ಡವಳು ಮಾರಾಯ್ತಿ."

ಡ್ಯಾಡಿ ಪೇಪರಿನ ಹಿಂದಿನಿಂದ, "ಎರಡು ಧೆಡಿ ಇಟ್ಟರಾಯ್ತು" ಅಂದರು. ಹೀಗೆ ನಾನು ಕೇಳದ ಧೆಡಿ ಪೀಚ್ ಬಣ್ಣದಲ್ಲಿ ತಯಾರಾಗಿ ನಿಂತಳು. ಕೇಳಬೇಕಾದವಳು ಉರ್ವದಲ್ಲಿ ಏನೂ ತಿಳಿಯದೆ ಇದ್ದಳು.

ಬಸ್ಸಿನಲ್ಲಿ

ಇನ್ನು ತಡ ಮಾಡಿದರೆ ಆಗುವುದಿಲ್ಲ ಅಂತ ಮನಸ್ಸಿನಲ್ಲೇ ನಾಲ್ಕು ಮಾತು ಜೋಡಿಸಿಕೊಂಡೆ. ಇಂಗ್ಲಿಷಿನಲ್ಲಿ ಯೋಚಿಸಿದರೆ ಟೂತ್‌ಪೇಸ್ಟಿನ ಜಾಹೀರಾತಿನ ಹಾಗೆ ಕೇಳುತ್ತಿತ್ತು, ಕನ್ನಡಕ್ಕೆ ತಿರುಗಿಸಿದರೆ ಬೀಳ್ಕೊಡುಗೆ ಭಾಷಣದ ಹಾಗೆ. ಸಂಜೆ ಬಸ್ಸಿನಲ್ಲಿ ನನಗೂ ಗೆಳತಿಗೂ ಒಟ್ಟಿಗೆ ಸೀಟು ಸಿಕ್ಕಿತು. ಇದೇ ಗಳಿಗೆ ಅಂತ ಶುರು ಮಾಡಿದೆ.

"ನಿನಗೆ ಜನವರಿಯಲ್ಲಿ ಎಂತಾದ್ರೂ ಉಂಟಾ?"

"ನಿನ್ನ ಮದುವೆ ಉಂಟು."

"ಅದು ಬಿಟ್ಟು?"

"ಅದು ಬಿಟ್ಟು ಎಂತ?"

"ಅದು ಬಿಟ್ಟಲ್ಲ. ಅದರಲ್ಲಿಯೇ."

"ಎಂತ ಮಾರಾಯ್ತಿ, ಸರಿ ಹೇಳು."

"ಒಂದು ಕೇಳ್ಬೇಕಿತ್ತು" ಅಂದೆ. ಆಮೇಲೆ ಬ್ಯಾಗಿನ ಜಿಪ್ ಎರಡು ಸಲ ತೆಗೆದು ಹಾಕಿದೆ. ಬಸ್ಸೇ ನಿಶ್ಶಬ್ದವಾದ ಹಾಗಾಯಿತು. ಎದುರು ನಿಂತಿದ್ದ ಕಾಲೇಜಿನ ಹುಡುಗಿ ಒಂದು ಕಿವಿಯ ಇಯರ್‌ಫೋನ್ ತೆಗೆದಳು. ಕಂಡಕ್ಟರ್ ವಿಸಿಲ್ ಬಾಯಲ್ಲಿಟ್ಟುಕೊಂಡು ಊದದೆ ನಿಂತ. ಮುಂದಿನ ಸೀಟಿನ ಅಜ್ಜಿ ಪೂರ್ತಿ ನಮ್ಮ ಕಡೆ ತಿರುಗಿ ಹೇಳಿದರು:

"ಎಂತ ಕೇಳ್ಲಿಕ್ಕುಂಟೋ ಬೇಗ ಕೇಳು ಮಗಾ, ನನಗೆ ಮುಂದಿನ ಸ್ಟಾಪಲ್ಲಿ ಇಳೀಬೇಕು."

ಅಜ್ಜಿಗೆ ಬೇಸರ ಆಗಬಾರದಲ್ಲ. ಕೇಳಿಯೇ ಬಿಟ್ಟೆ.

"ಕಿಟಕಿ ಸ್ವಲ್ಪ ಮುಚ್ತೀಯಾ?"

ಕ್ಯಾಂಡಲ್

ಈಗ ಇದನ್ನೆಲ್ಲ ಬಾಯಲ್ಲಿ ಕೇಳುವ ಕ್ರಮವೇ ಇಲ್ಲ, ಚಂದದ ಒಂದು ಬಾಕ್ಸ್ ಕೊಡುತ್ತಾರೆ ಅಂತ ಮೊಬೈಲಿನಲ್ಲಿ ನೋಡಿದೆ. ನನ್ನಂಥವರಿಗೆಂದೇ ಯಾರೋ ಪುಣ್ಯಾತ್ಮರು ಕಂಡುಹಿಡಿದದ್ದು. ಪರಿಮಳದ ಕ್ಯಾಂಡಲ್, ಕೂದಲಿನ ಬ್ಯಾಂಡ್, ಪುಟ್ಟ ಕನ್ನಡಿ, ಮೇಲೊಂದು ಕಾರ್ಡು. ಕಾರ್ಡಿನಲ್ಲಿ ಪ್ರಶ್ನೆ ಬರೆಯಬೇಕು. ಬರೆಯಲು ಹೊರಟರೆ ಕೈಗೂ ನಾಚಿಕೆ. ಬಾಕ್ಸ್ ನೋಡಿದರೆ ಗೆಳತಿಗೆ ಗೊತ್ತಾಗಿಯೇ ಆಗುತ್ತದೆ ಅಂತ "ವಿತ್ ಲವ್" ಅಂತಷ್ಟೇ ಬರೆದು, ಅವಳು ಮನೆಯಲ್ಲಿಲ್ಲದ ಹೊತ್ತು ನೋಡಿ ಅವಳ ಅಮ್ಮನ ಕೈಗೆ ಕೊಟ್ಟು ಬಂದೆ.

ಮರುದಿನ ಗೆಳತಿಯ ಫೋನು. ಮೊದಲ ರಿಂಗಿಗೇ ಎತ್ತಿದೆ.

"ಅಮ್ಮ ಥ್ಯಾಂಕ್ಸ್ ಹೇಳಿದ್ರು. ನಿನ್ನೆ ಸಂಜೆ ಕರೆಂಟ್ ಹೋಗಿತ್ತು, ನಿನ್ನ ಕ್ಯಾಂಡಲ್ ಉಪಕಾರಕ್ಕೆ ಬಂತು."

"ಮತ್ತೆ... ನೀನು ಎಂತ ಹೇಳ್ತೀ?"

"ಪರಿಮಳ ಅಡ್ಡಿಲ್ಲ. ಆದ್ರೆ ಬೇಗ ಮುಗೀತದೆ."

ಇನ್ನೊಂದು ಕ್ಯಾಂಡಲ್ ತೆಗೆದುಕೊಂಡು ಹೋಗಿ ಕೊಟ್ಟು ಬಂದೆ.

ಫಾದರ್ ಹೇಳಿದ್ದು

ಮದುವೆಯ ವಿಷಯ ಮಾತಾಡಲು ಮಮ್ಮಿಯ ಜೊತೆ ಇಗರ್ಜಿಗೆ ಹೋಗಿದ್ದೆ. ಫಾದರ್ ನಗುತ್ತಾ ಹೇಳಿದರು, "ನಿನ್ನ ಧೆಡಿ ಬಂದಿದ್ದಳು."

"ಅವಳು ಕುವೈತಲ್ಲಿದ್ದಾಳೆ ಫಾದರ್."

"ಕುವೈತ್ ಅಲ್ಲ, ಉರ್ವ. ಬೊಟ್ಟು ಇಟ್ಟಿದ್ದಳು. ಹಿಂದೂಗಳು ಧೆಡಿ ಆಗಿ ನಿಲ್ಲಬಹುದಾ ಅಂತ ಕೇಳಿದಳು. ಹೂ ಹಿಡಿಯಲಿಕ್ಕೆ ಬ್ಯಾಪ್ಟಿಸಮ್ ಬೇಡಮ್ಮ ಅಂದೆ. ಮತ್ತೆ ಬಾಗಿಲಿನಿಂದ ಆಲ್ತಾರಿನವರೆಗೆ ನಡೆದು ನೋಡಿದಳು, ಹೀಲ್ಸ್ ಜಾರುತ್ತದಾ ಅಂತ."

ಹೊರಗೆ ಬಂದವಳೇ ಅವಳಿಗೆ ಫೋನು ಮಾಡಿದೆ.

"ನೀನು ಇಗರ್ಜಿಗೆ ಹೋಗಿದ್ಯಂತೆ."

"ಹೂಂ. ನೀನು ಕೇಳದ್ದು ನೋಡಿ, ನಮ್ಮವರಿಗೆಲ್ಲ ಅಲ್ಲಿ ಆಗುದಿಲ್ಲ ಅಂತ ನೆನೆಸಿದ್ದೆ. ನಿನಗೆ ಹೇಳ್ಲಿಕ್ಕೆ ಕಷ್ಟ ಆಗ್ತಾ ಉಂಟು ಅಂತ. ಅದಕ್ಕೆ ನಾನೇ ಹೋಗಿ ವಿಚಾರಿಸಿದೆ."

ನನ್ನ ಕಣ್ಣಲ್ಲಿ ನೀರು ಬಂತು. ಕೇಳಲು ಇದಕ್ಕಿಂತ ಒಳ್ಳೆಯ ಗಳಿಗೆ ಯಾವುದು? ನಾನು ಗಂಟಲು ಸರಿಮಾಡಿಕೊಂಡು ಹೇಳಿದೆ:

"ಶನಿವಾರ ಟೈಲರ್ ಹತ್ರ ಬಾ, ಅಳತೆ ಕೊಡ್ಲಿಕ್ಕುಂಟು. ಕಲರ್ ಪೀಚ್."

"ಪೀಚಾ? ನನಗೆ ಒಪ್ಪುದಿಲ್ಲ ಮಾರಾಯ್ತಿ."

"ಮಾವ್ಶಿಯ ಮಗಳಿಗೆ ಒಪ್ಪುತ್ತದೆ" ಅಂದೆ.

ಮೈಕಿನ ಮುಂದೆ

ಮದುವೆಯ ದಿನ ಬಂತು. ಮಾವ್ಶಿಯ ಮಗಳು ಪೀಚ್ ಬಣ್ಣದಲ್ಲಿ ಹೊಳೆಯುತ್ತಿದ್ದಳು. ಗೆಳತಿ ಅದೇ ಬಣ್ಣದಲ್ಲಿ, ಯಾರದ್ದೋ ಗೌನು ಹಾಕಿಕೊಂಡವಳ ಹಾಗೆ ಮುಖ ಮಾಡಿಕೊಂಡು, ನನ್ನ ಬೆನ್ನ ಹಿಂದೆಯೇ ಇದ್ದಳು. ಇಗರ್ಜಿ ತುಂಬ ಜನ. ಆದರೂ ನಾನು ಎಡವದೆ ಆಲ್ತಾರಿನವರೆಗೆ ತಲುಪಿದೆ.

ಫಾದರ್ ಮೈಕ್ ಹಿಡಿದು ಕೇಳಿದರು: "ನೀವು ಯಾರ ಒತ್ತಾಯವೂ ಇಲ್ಲದೆ, ಸ್ವಂತ ಮನಸ್ಸಿನಿಂದ ಇಲ್ಲಿಗೆ ಬಂದಿದ್ದೀರಾ?"

"ಹೌದು" ಅಂದ ಹುಡುಗ, ಗಟ್ಟಿಯಾಗಿ.

ಮೈಕ್ ನನ್ನ ಗಲ್ಲದ ಹತ್ತಿರ ಬಂತು. ಅಷ್ಟರಲ್ಲಿ ನನ್ನ ವೇಲ್ ಸರಿಮಾಡುವ ನೆಪದಲ್ಲಿ ಗೆಳತಿ ಬಗ್ಗಿ, ಕಿವಿಯ ಹತ್ತಿರ ತುಳುವಿನಲ್ಲಿ ಮೆಲ್ಲ ಹೇಳಿದಳು, ತನ್ನನ್ನು ಮಾತ್ರ ಇವತ್ತಿನವರೆಗೆ ಯಾರೂ ಕೇಳ್ಲಿಲ್ಲ ಅಂತ.

ಹೌದಲ್ಲ ಅನ್ನಿಸಿತು. ಇಷ್ಟೆಲ್ಲ ಆಗಿ, ಅಳತೆಗೆ ಕರೆದೆ, ಹೂ ಹಿಡಿಸಿದೆ, ಕೇಳಿದ್ದು ಮಾತ್ರ ಇಲ್ಲ. ಅದೆಲ್ಲಿಂದ ಧೈರ್ಯ ಬಂತೋ, ಹುಡುಗನಿಗೆ ಬೆನ್ನು ಹಾಕಿ ಅವಳ ಕಡೆ ತಿರುಗಿದೆ.

"ನೀನು ನನ್ನ ಧೆಡಿ ಆಗ್ತೀಯಾ?"

ಮೈಕ್ ನನ್ನ ಜೊತೆಗೇ ತಿರುಗಿತ್ತು. ನನ್ನ ಪ್ರಶ್ನೆ ಸ್ಪೀಕರಿನಲ್ಲಿ ಇಗರ್ಜಿಯೆಲ್ಲ ಸುತ್ತಿ, ಹೊರಗೆ ಪಾರ್ಕಿಂಗಿನಲ್ಲಿ ನಿಂತವರಿಗೂ ಕೇಳಿಸಿತು. ಹುಡುಗನ ಮುಖ ಬಿಳುಚಿಕೊಂಡಿತು. ಪಾಪ, ಹೌದು ಅಂತ ಕಾಯುತ್ತಿದ್ದವನಿಗೆ ಕಂಡದ್ದು ನನ್ನ ಬೆನ್ನು.

ಫಾದರ್ ತಾಳ್ಮೆಯಿಂದ, "ಮೊದಲು ಇವನದ್ದೊಂದು ಮುಗಿಸಮ್ಮ" ಅಂದರು.

ಗಡಬಡಿಸಿ ತಿರುಗಿ, "ಹೌದು ಹೌದು" ಅಂತ ಅವನದ್ದು ಮುಗಿಸಿದೆ. ಆಮೇಲೆ ಇಗರ್ಜಿಗೆ ಇಗರ್ಜಿಯೇ ನನ್ನ ಗೆಳತಿಯ ಕಡೆ ನೋಡಿತು. ಫಾದರ್ ಕೂಡ ಮೈಕನ್ನು ಅವಳ ಕಡೆ ಚಾಚಿದರು. ಅವಳು ಹೂವನ್ನು ಎಡಗೈಗೆ ದಾಟಿಸಿ, ಪೀಚ್ ಗೌನಿನ ನೆರಿಗೆ ಸರಿಮಾಡಿಕೊಂಡು, ಮೈಕಿಗೆ ಬಗ್ಗಿ ಹೇಳಿದಳು:

"ಯೋಚಿಸಿ ಹೇಳ್ತೇನೆ."