ಕುಂಕುಮ ಹಚ್ಚಿದ ಚೆಕ್ಕು

ಕರಿಕೋಟು ಹೊತ್ತು ದಿನಾ ಲೋಕಲ್ ರೈಲು ಹತ್ತುವ ನನಗೆ ಕಾನೂನಿನಿಂದ ಎಂದೂ ತಲೆನೋವು ಬಂದಿಲ್ಲ. ಬರುವುದೆಲ್ಲ ಕಕ್ಷಿದಾರರಿಂದ. ಒಂದು ಇಳಿಯಿತು ಅನ್ನುವಷ್ಟರಲ್ಲಿ ಇನ್ನೊಂದು ಏರುತ್ತದೆ. ಈ ಒಂದೇ ಖಟ್ಲೆ ಸಾಕು, ನೋಡಿ.

ಪೂಜೆಯಾದ ಚೆಕ್ಕು

ಕುರ್ಲಾದಲ್ಲಿ ಸೀರೆ ಅಂಗಡಿ ಇಟ್ಟಿರುವ ವಿಜಯಪುರದವರೊಬ್ಬರು ಸಯನ್ನಿನ ನನ್ನ ಆಫೀಸಿಗೆ ಬಂದು ಕುಸಿದು ಕೂತರು. ವಿಕ್ರೋಳಿಯಲ್ಲಿ ರಟ್ಟಿನ ಡಬ್ಬದ ವ್ಯಾಪಾರ ಮಾಡುವ ಅವರ ಹಳೆಯ ಗೆಳೆಯರೊಬ್ಬರೇ ಅವರ ಮೇಲೆ ಮೋಸದ ಕೇಸು ಹಾಕಿದ್ದರು. ಡಬ್ಬಗಳ ಬಾಬ್ತು ಇವರು ಕೊಟ್ಟ ಚೆಕ್ಕು ವಾಪಸ್ ಬಂದಿತ್ತಂತೆ. ಕೇಸಿನಿಂದಾಗಿ ಇವರ ಹೊಸ ಪಾಸ್‌ಪೋರ್ಟ್ ಕೊಡದೆ ತಡೆದಿದ್ದರು. ಮಸ್ಕತ್ತಿನಲ್ಲಿ ಮಗಳ ಹೆರಿಗೆ ಹತ್ತಿರ ಬಂದಿತ್ತು. ಹೇಳುತ್ತ ಕಣ್ಣೊರೆಸಿಕೊಂಡರು.

"ಖಾತೆಯಲ್ಲಿ ದುಡ್ಡಿರಲಿಲ್ಲವೇ?"

"ಬೇಕಾದಷ್ಟ ಇತ್ರಿ ಸಾಹೇಬ್ರ. ದೀಪಾವಳಿ ಪೂಜಾದಾಗ ಚೆಕ್ಕಿಗೆ ಹಸಿ ಕುಂಕುಮ ಹಚ್ಚಿದ್ದೆ. ಸಹಿ ಕಾಣವಲ್ದು ಅಂತ ಬ್ಯಾಂಕಿನವ್ರು ಹೊಳ್ಳಿ ಕಳಿಸಿದ್ರು."

"ಬೇರೆ ಚೆಕ್ಕು ಕೊಡಬೇಕಿತ್ತು!"

"ಹಂಗಾದ್ರ ಮೊದಲಿನದು ತಿರುಗಿ ತಗೋಬೇಕಲ್ರೀ? ಪೂಜಾ ಮಾಡಿ ಕಳಿಸಿದ ಲಕ್ಷ್ಮೀನ ಹೊಳ್ಳಿ ತಗೊಳ್ಳಾಕ ಬರ್ತದೇನ್ರಿ? ಕಾರ್ತಿಕ ಮುಗೀಲಿ ಅಂದೆ. ಅವ ಪೊಲೀಸ್ ಸ್ಟೇಷನ್ನಿಗೆ ಹೋದ."

ಇದನ್ನು ಹೈಕೋರ್ಟಿಗೆ ಇಂಗ್ಲಿಷಿನಲ್ಲಿ ಹೇಗೆ ಬರೆಯುವುದಪ್ಪಾ ಎಂದು ತಲೆ ಮೇಲೆ ಕೈ ಹೊತ್ತು ಕೂತೆ.

ಚಟ್ನಿಯ ಮೇಲೆ ಕೇಸಿಲ್ಲ

ಅಷ್ಟರಲ್ಲಿ ಕಾರ್ತಿಕ ಮುಗಿದು ಹಣ ಫೋನಿನಲ್ಲೇ ಸಂದಾಯವಾಗಿತ್ತು. ಆದರೆ ಪೊಲೀಸರು ಬರೆದುಕೊಂಡ ಕೇಸು ತಾನಾಗಿ ಅಳಿಯುವುದಿಲ್ಲ. ತಮ್ಮ ಅಭ್ಯಂತರವಿಲ್ಲವೆಂದು ಗೆಳೆಯರು ಅಫಿಡವಿಟ್ ಕೊಟ್ಟರೆ ಹೈಕೋರ್ಟು ರದ್ದು ಮಾಡಬಹುದು. ಇಬ್ಬರನ್ನೂ ಕರೆಸಿದೆ.

ಬಂದರು, ಆದರೆ ಮಾತು ಬಿಟ್ಟಿದ್ದರು. ಒಬ್ಬರ ಮುಖ ಕಿಟಕಿಗೆ, ಇನ್ನೊಬ್ಬರದು ಗೋಡೆಗೆ.

"ವಕೀಲ್ರ, ಫ್ಯಾನ್ ಸಣ್ಣ ಮಾಡು ಅಂತ ಅವಂಗ ಹೇಳ್ರಿ," ಅಂದರು ಡಬ್ಬದವರು. ಫ್ಯಾನಿನ ಸ್ವಿಚ್ಚು ಸೀರೆಯವರ ಕೈಗೆಟಕುವಂತಿತ್ತು. ನಾನು ಹೇಳಿದೆ, ಅವರು ಮಾಡಿದರು. ಮಧ್ಯಾಹ್ನದವರೆಗೂ ಹೀಗೇ ನಡೆಯಿತು.

ಊಟದ ಹೊತ್ತಿಗೆ ಡಬ್ಬದವರು ಬುತ್ತಿ ಬಿಚ್ಚಿದರು. ಜೋಳದ ರೊಟ್ಟಿ, ಶೇಂಗಾ ಚಟ್ನಿ. ಚಟ್ನಿ ಬಹಳ ರುಚಿಯಾಗಿದೆ ಎಂದೆ.

"ಅವನ ಮನೀದ್ರಿ. ಅವನ ಹೆಂಡ್ತಿ, ನಮ್ಮ ವೈನಿ ಕಳಸ್ಯಾರ."

"ಆ ಮನೆಯವರ ಮೇಲೇ ಕೇಸು ಹಾಕಿದ್ದೀರಲ್ಲ!"

"ಕೇಸ್ ಅವನ ಮ್ಯಾಲ ಐತ್ರಿ, ಚಟ್ನಿ ಮ್ಯಾಲಲ್ಲ."

ಬಲವಂತ

ನ್ಯಾಯಮೂರ್ತಿಗಳ ಮುಂದೆ ಒಂದೇ ಮಾತು ಹೇಳಬೇಕಿತ್ತು. 'ಯಾರ ಬಲವಂತವೂ ಇಲ್ಲ, ಸ್ವಂತ ಇಷ್ಟದಿಂದ ಒಪ್ಪಿದ್ದೇನೆ.' ಡಬ್ಬದವರಿಗೆ ದಾರಿಯುದ್ದಕ್ಕೂ ಲೋಕಲ್‌ನಲ್ಲಿ ಬಾಯಿಪಾಠ ಮಾಡಿಸಿದ್ದೆ.

ನ್ಯಾಯಮೂರ್ತಿಗಳು ಹಿಂದಿಯಲ್ಲಿ ಕೇಳಿದರು, ಯಾರಾದರೂ ಬಲವಂತ ಮಾಡಿದ್ದಾರೆಯೇ ಎಂದು.

"ಹಾಂ ಸಾಬ್," ಅಂದುಬಿಟ್ಟರು ಮಹಾನುಭಾವರು.

ಸೀರೆಯವರು ಬೆಂಚು ಹಿಡಿದುಕೊಂಡರು. ಬಲವಂತದ ಒಪ್ಪಿಗೆ ಎಂದಾದರೆ ಕೇಸೂ ಉಳಿಯಿತು, ಮಸ್ಕತ್ತೂ ತಪ್ಪಿತು.

"ಯಾರು?"

"ಘರ್‌ವಾಲೀ, ಸಾಬ್." ಕೇಸು ತೆಗೆಯದಿದ್ದರೆ ಮನೆಗೆ ಬರಬೇಡಿ ಎಂದು ಹೆಂಡತಿ ಹೇಳಿದ್ದಾಳೆಂದು ವಿವರಿಸಿದರು.

ಆ ಬಲವಂತದ ವಿಚಾರಣೆ ಈ ಕೋರ್ಟಿನ ಕೈಮೀರಿದ್ದು ಎಂದು ನಗುತ್ತಲೇ ನ್ಯಾಯಮೂರ್ತಿಗಳು ಕೇಸು ರದ್ದು ಮಾಡಿದರು.

ಬೋಳು ಹಣೆ

ಆದೇಶದ ಪ್ರತಿಯನ್ನು ನಾನು ಸೀರೆಯವರ ಕೈಗೆ ಕೊಡಲೇ ಇಲ್ಲ. ಅವರ ದೇವರಮನೆಯ ಭಯ. ನಾನೇ ಬಿಸಿಲಲ್ಲಿ ಅಲೆದು ಪೊಲೀಸರಿಗೂ ಪಾಸ್‌ಪೋರ್ಟ್ ಆಫೀಸಿಗೂ ಮುಟ್ಟಿಸಿದೆ. ಪಾಸ್‌ಪೋರ್ಟ್ ಅಂಚೆಯಲ್ಲಿ ನೇರ ಅವರ ಮನೆಗೇ ಬಂತೆಂದು ತಿಳಿದಾಗ ಜೀವ ತಡೆಯದೆ ಫೋನ್ ಮಾಡಿದೆ.

"ಪೂಜೆ ಗೀಜೆ ಮಾಡಬೇಡಿ, ಕೈಮುಗಿಯುತ್ತೇನೆ!"

"ಇಲ್ರಿ ಸಾಹೇಬ್ರ, ಬುದ್ಧಿ ಬಂದದ. ಸಹಿ ಮುಟ್ಟಿಲ್ಲ, ನಂಬರ್ ಮುಟ್ಟಿಲ್ಲ, ಸರಕಾರಿ ಮುದ್ರಿ-ಸಿಕ್ಕಾನೂ ಮುಟ್ಟಿಲ್ಲ."

ಅಂತೂ ಗೆದ್ದೆ ಎಂದು ಕುರ್ಚಿಗೆ ಒರಗಿದೆ.

"ಫೋಟೋದಾಗ ನನ್ನ ಹಣಿ ಬೋಳ ಇತ್ರಿ," ಅಂದರು. "ಅಲ್ಲಷ್ಟ ಒಂದ್ ಬೊಟ್ಟು ಇಟ್ಟೀನಿ."