ಕ್ಯಾರೆಕ್ಟರ್ ಇಲ್ಲದ ಮನುಷ್ಯ

ಎರಡು ಸಂಗತಿಗಳು ಈ ಜನ್ಮದಲ್ಲಿ ನಡೆಯುವುದಿಲ್ಲ ಎಂದು ನಮ್ಮ ಅತ್ತೆ, ಅಂದರೆ ಅಪ್ಪನ ಅಕ್ಕ, ಹೇಳಿದ್ದರು. ಒಂದು, ನಾನು ಡಿಗ್ರಿ ಪಡೆಯುವುದು. ಎರಡು, ಎದುರು ಮನೆಯ ಇಂಗ್ಲಿಷ್ ಮುದುಕರು ನಮ್ಮ ಹೊಸಿಲು ದಾಟುವುದು. ಮೊದಲನೆಯದಕ್ಕೆ ಕಾರಣ, ನಮ್ಮ ವಂಶದಲ್ಲಿ ಯಾರೂ ಹತ್ತನೇ ಕ್ಲಾಸು ದಾಟಿರಲಿಲ್ಲ. ಎರಡನೆಯದಕ್ಕೆ ಕಾರಣ, ಆ ಮನುಷ್ಯನಿಗೆ ಕ್ಯಾರೆಕ್ಟರ್ ಇರಲಿಲ್ಲ.

ಹಾಗೆಂದು ಅವರೇ ಒಪ್ಪಿಕೊಂಡಿದ್ದರಲ್ಲ! ಮಲೇಷ್ಯಾದ ಪೆಟಾಲಿಂಗ್ ಜಯಾ ಊರಿನ ನಮ್ಮ ಫ್ಲಾಟುಗಳಿಗೆ ಬಂದ ದಿನವೇ ಕಾರಿಡಾರಿನಲ್ಲಿ ತಲೆಬಾಗಿ, "ನಾನು ಕ್ಯಾರೆಕ್ಟರ್ ಆಕ್ಟರ್" ಎಂದು ಪರಿಚಯ ಹೇಳಿಕೊಂಡರು. ಅತ್ತೆಗೆ ಇಂಗ್ಲಿಷ್ ಬಾರದು. ಆದರೆ ಈ ಎರಡು ಪದ ಗೊತ್ತು.

"ಕೇಳಿದ್ಯಾ? ಕ್ಯಾರೆಕ್ಟರ್ ಇರೋ ಥರ ಆಕ್ಟ್ ಮಾಡ್ತಾರಂತೆ. ಅಂದ್ರೆ ನಿಜವಾಗ್ಲೂ ಇಲ್ಲ ಅಂತ ತಾನೇ?"

"ಅಲ್ಲ ಅತ್ತೆ, ಸಣ್ಣಪುಟ್ಟ ಪಾತ್ರ ಮಾಡೋರು ಅಂತ."

"ಸಣ್ಣದೋ ದೊಡ್ಡದೋ, ಬಾಗಿಲು ಹಾಕು."

ನಲವತ್ತು ವರ್ಷ ಅವರು ಬ್ರಿಟನ್ನಿನ ನಾಟಕ, ಸಿನಿಮಾ, ಟೀವಿಗಳಲ್ಲಿ ಬಟ್ಲರ್, ಪೋಸ್ಟ್‌ಮ್ಯಾನ್, ಪಾದ್ರಿ, ಹೆಣ, ಎಲ್ಲವೂ ಆಗಿದ್ದರು. ಮಲೇಷ್ಯಾಕ್ಕೆ ಮೊದಲ ಸಲ ಬಂದದ್ದೂ ಒಂದು ಸಿನಿಮಾದಲ್ಲಿ ರಬ್ಬರ್ ತೋಟದ ಮ್ಯಾನೇಜರಾಗಿ ಹುಲಿ ಬಾಯಿಗೆ ಬೀಳಲಿಕ್ಕೆ. ಸತ್ತ ಜಾಗ ಬಹಳ ಹಿಡಿಸಿ, ನಿವೃತ್ತರಾದ ಮೇಲೆ ಬದುಕಲಿಕ್ಕೆ ಇಲ್ಲಿಗೇ ಬಂದರು. ಒಮ್ಮೆ ಕೆಳಗಿನ ಮಾಮಕ್ ಅಂಗಡಿಯಲ್ಲಿ, ಅಂದರೆ ತಮಿಳು ಮುಸ್ಲಿಮರ ಹೋಟೆಲಿನಲ್ಲಿ, ಎಲ್ಲರೂ ಟೀ ಕುಡಿಯುತ್ತಿದ್ದಾಗ ಟೀವಿಯಲ್ಲಿ ಹಳೆಯ ಚಿತ್ರ ಬಂತು. ಮುದುಕರು ಎದ್ದು ನಿಂತು, "ಆ ಬೆನ್ನು ನನ್ನದು" ಎಂದರು.

"ಬೆನ್ನು ತೋರಿಸೋಕೂ ಸಂಬಳ ಕೊಡ್ತಾರಾ?" ಎಂದರು ಅತ್ತೆ, ನಾನು ಅರ್ಥ ಹೇಳಿದ ಮೇಲೆ.

ನಗುವ ಸ್ಥಿತಿಯಲ್ಲಿ ನಾನಿರಲಿಲ್ಲ. ಹಗಲು ಕ್ಲಾಂಗ್ ಬಂದರಿನ ಸರಕು ಕಚೇರಿಯಲ್ಲಿ ಕೆಲಸ, ಸಂಜೆ ಕಾಲೇಜಿನಲ್ಲಿ ಸರಕು ಸಾಗಣೆಯ ಡಿಗ್ರಿ ಓದು. ಹೀಗೆ ಆರು ವರ್ಷ ತಳ್ಳಿ, ಬರೆಯುವ ಪರೀಕ್ಷೆಗಳನ್ನೆಲ್ಲ ಪಾಸು ಮಾಡಿದ್ದೆ. ಉಳಿದದ್ದು ವೈವಾ ಒಂದೇ. ಮೊದಲ ಸಲ ಮೂವರು ಪರೀಕ್ಷಕರ ಮುಂದೆ ಬಾಯಿಂದ ಒಂದಕ್ಷರ ಹೊರಡದೆ ಫೇಲಾಗಿದ್ದೆ. ಇನ್ನು ಒಂದೇ ಅವಕಾಶ, ಅದಕ್ಕೆ ಎಂಟೇ ದಿನ.

ನಾನು ಗೋಡೆಗೆ ಉತ್ತರ ಒಪ್ಪಿಸುವುದನ್ನು ಕೇಳಿಸಿಕೊಂಡ ಮುದುಕರು, "ನಾನು ಹೇಳಿಕೊಡಲೇ?" ಎಂದರು. ಅತ್ತೆ ಷರತ್ತು ಹಾಕಿದರು: ಅವರು ಕಾರಿಡಾರಿನಲ್ಲಿ, ನಾನು ಮನೆಯೊಳಗೆ, ಹೊಸಿಲಿನ ಮೇಲೆ ಹುರುಳಿಕಾಯಿ ಮುರಿಯುತ್ತ ಅತ್ತೆ.

"ನನಗೊಂದು ನಾಟಕದಲ್ಲಿ ಒಂದೇ ಮಾತಿತ್ತು. 'ಗಾಡಿ ಬಂದಿದೆ, ದೊರೆಗಳೇ.' ಅದೂ ಮರೆತುಹೋಯಿತು" ಎಂದರು ಮುದುಕರು. ಅವರ ಇಂಗ್ಲಿಷನ್ನು ಅತ್ತೆಗೆ ಕನ್ನಡದಲ್ಲಿ ಹೇಳಿದೆ.

ಅತ್ತೆಯ ಕೈ ನಿಂತಿತು. "ಆಮೇಲೆ?"

"ದೊರೆ ನಡೆದೇ ಹೋದ."

ಅತ್ತೆ ನಕ್ಕುಬಿಟ್ಟು, ತಕ್ಷಣ ಮುಖ ಗಂಟು ಹಾಕಿಕೊಂಡರು.

"ಕೋಣೆಗೆ ಮಾತಾಡಬೇಡ" ಎಂದರು ಮುದುಕರು. "ಒಬ್ಬರಿಗೆ ಹೇಳು. ಇವರಿಗೆ ಹೇಳು."

ಎಂಟು ದಿನ ಕಂಟೇನರುಗಳ ವಿಷಯವನ್ನೆಲ್ಲ ಅತ್ತೆಗೆ ಇಂಗ್ಲಿಷಿನಲ್ಲಿ ಹೇಳಿದೆ. ಒಂದಕ್ಷರ ತಿಳಿಯದ ಅತ್ತೆ, "ಹೂಂ, ಮುಂದೆ" ಎನ್ನುತ್ತಿದ್ದರು.

ವೈವಾ ದಿನ. ಅದೇ ಕೋಣೆ, ಅದೇ ಮೂರು ಕುರ್ಚಿ. ಮೊದಲ ಪ್ರಶ್ನೆಗೇ ನಾಲಿಗೆ ಒಣಗಿತು. ಒಬ್ಬರು ಗಡಿಯಾರ ನೋಡಿದರು. ಇನ್ನೊಬ್ಬರು ನನ್ನ ಫೈಲು ಮುಚ್ಚಿದರು. ಆರು ವರ್ಷ ಆ ಫೈಲಿನೊಳಗಿತ್ತು. ನಡುವೆ ಕೂತ ಮೇಡಂ ಮಾತ್ರ ಪೆನ್ನಿನ ಮುಚ್ಚಳ ತೆಗೆದು ಹಾಕುತ್ತಿದ್ದರು. ಟಕ್. ಟಕ್. ಹುರುಳಿಕಾಯಿ ಮುರಿಯುವ ಸದ್ದು.

"ಎಸ್, ಅತ್ತೆ" ಎಂದುಬಿಟ್ಟೆ.

ಅದೇನೋ ನಮ್ಮ ಕಡೆಯ ಗೌರವದ ಮಾತೆಂದುಕೊಂಡು ಮೇಡಂ ತಲೆಯಾಡಿಸಿದರು. ಆಮೇಲೆ ಕಂಟೇನರುಗಳು ಒಂದರ ಹಿಂದೊಂದು ತಾವಾಗಿಯೇ ಇಳಿದವು.

ಸರ್ಟಿಫಿಕೇಟ್ ಬಂದ ದಿನ ಅತ್ತೆಯ ಕೈಗಿಟ್ಟೆ. ಸೆರಗಿಗೆ ಕೈ ಒರೆಸಿಕೊಂಡು ತೆಗೆದುಕೊಂಡರು. ಬಹಳ ಹೊತ್ತು ನೋಡಿದರು. ಆಮೇಲೆ ತಾವೇ ಹೋಗಿ ಎದುರು ಬಾಗಿಲು ತಟ್ಟಿದರು. ಮುದುಕರು ಆ ಸೆಕೆಯಲ್ಲೂ ಹಳೆಯ ಬಟ್ಲರ್ ಕೋಟು ತೊಟ್ಟು ಬಂದು, ಎಂದಿನಂತೆ ನಮ್ಮ ಹೊಸಿಲಿನ ಆಚೆ ನಿಂತರು. ಅತ್ತೆ ಎರಡೂ ಕೈಯಿಂದ ಸರ್ಟಿಫಿಕೇಟ್ ಕೊಟ್ಟು, ಓದುವಂತೆ ಸನ್ನೆ ಮಾಡಿದರು. ನನ್ನ ಹೆಸರಿನ ತನಕ ಗಟ್ಟಿಯಾಗಿ ಓದಿದವರು ಅಲ್ಲೇ ನಿಂತುಬಿಟ್ಟರು. ಈ ಸಲ ಮಾತು ಮರೆತಿರಲಿಲ್ಲ. ಕೋಟಿನ ತೋಳಿನಿಂದ ಕಣ್ಣೊರೆಸಿಕೊಂಡರು.

ಅತ್ತೆ ಬಾಗಿಲಿನಿಂದ ಪಕ್ಕಕ್ಕೆ ಸರಿದರು.

"ಹೊರಗೆ ನಿಂತ್ಕೊಂಡು ಕ್ಯಾರೆಕ್ಟರ್ ಇಲ್ಲದೋರ ಥರ ಆಕ್ಟ್ ಮಾಡ್ಬೇಡಿ. ಒಳಗೆ ಬನ್ನಿ, ಅಣ್ಣ."