ಏಳನೇ ಫಾರಂ

ಬೆಳಿಗ್ಗೆ ಎಂಟೂವರೆಗೆ ಗೋಂದಪ್ಪ ಮೂರನೇ ಸಲ ಎಣಿಸಿದ. ಮೂರನೇ ಸಲವೂ ಒಂದು ಕಡಿಮೆಯೇ ಬಂತು.

ಗೋಂದಪ್ಪ ಅವನ ಹುಟ್ಟುಹೆಸರೇನಲ್ಲ. ಇಪ್ಪತ್ತೆರಡು ವರ್ಷ ಅದೇ ಅಚ್ಚುಕೂಟದ ಹಿಂದಿನ ಕೋಣೆಯಲ್ಲಿ ಕೂತು ಪುಸ್ತಕ ಹೊಲಿದು ರಟ್ಟು ಅಂಟಿಸಿದವನ ಬೆರಳ ಸಂದಿಯಿಂದ ಗೋಂದು ಹೋಗುವುದೇ ನಿಂತಾಗ ಬೀದಿಯವರು ಇಟ್ಟ ಹೆಸರು. ಸಿಟ್ಟು ಬಂದರೆ ಹೆಂಡತಿಯೂ ಹಾಗೇ ಕರೆಯುತ್ತಿದ್ದಳು. ಅವಳೂ ಅದೇ ಕೋಣೆಯಲ್ಲಿ, ಎದುರಿನ ಮೇಜಿನಲ್ಲಿ, ಹಾಳೆ ಮಡಿಚುವ ಕೆಲಸ ಮಾಡುತ್ತಿದ್ದಳು.

ಹದಿನಾರು ಪುಟ ಬರುವಂತೆ ಮಡಿಚಿದ ಹಾಳೆಗೆ ಒಂದು ಫಾರಂ ಎನ್ನುತ್ತಾರೆ. ಫಾರಂಗಳನ್ನು ಒಂದರ ಮೇಲೊಂದು ಜೋಡಿಸಿ ಹೊಲಿದರೆ ಪುಸ್ತಕ. ಗೋಂದಪ್ಪನ ಮುಂದೆ ಈಗ ಇದ್ದದ್ದು ‘ನಮ್ಮ ಊರಿನ ಚರಂಡಿಗಳು: ನೂರು ವರ್ಷಗಳ ಇತಿಹಾಸ’. ಎಲ್ಲ ಫಾರಂಗಳೂ ಮುನ್ನೂರು ಇದ್ದವು. ಏಳನೆಯದು ಮಾತ್ರ ಇನ್ನೂರ ತೊಂಬತ್ತೊಂಬತ್ತು.

ಬಗ್ಗಿ ಮೇಜಿನ ಕೆಳಗೆ ನೋಡಿದ. ಸದ್ಯ, ಅಲ್ಲೊಂದು ಏಳನೇ ಫಾರಂ ಬಿದ್ದಿತ್ತು. ಎತ್ತಿಕೊಂಡು ದೂಳು ಕೊಡವಿ ಎರಡು ಸಾಲು ಓದಿದವನೇ ಹಾಗೇ ನೆಲದ ಮೇಲೆ ಕೂತುಬಿಟ್ಟ.

“ಏನ್ರೀ, ಸೊಂಟ ಹಿಡ್ಕೊಂಡ್ತಾ?”

“ಇದು ಚರಂಡಿದಲ್ಲ ಕಣೇ. ಓಟದಜ್ಜಂದು.”

ಹೆಂಡತಿಯ ಕೈಯ ಹಾಳೆ ಅರ್ಧ ಮಡಿಕೆಯಲ್ಲೇ ನಿಂತಿತು. ಓಟದಜ್ಜ ಊರಿಗೆಲ್ಲ ಹೆಮ್ಮೆಯ ಮುದುಕ, ಒಂದು ಕಾಲದಲ್ಲಿ ಗಾಳಿಯೂ ಅವನ ಹಿಂದೆ ಏದುಸಿರು ಬಿಡುತ್ತಿತ್ತಂತೆ. ಅವನ ಜೀವನಚರಿತ್ರೆಯ ಮುನ್ನೂರು ಪ್ರತಿಗಳನ್ನು ಗೋಂದಪ್ಪ ನಿನ್ನೆಯಷ್ಟೇ ಹೊಲಿದು ಮುಗಿಸಿದ್ದ. ಅವು ಆಗಲೇ ಸಭಾಂಗಣ ಸೇರಿದ್ದವು. ಬಿಡುಗಡೆ ಇವತ್ತು ಹನ್ನೊಂದಕ್ಕೆ. ಎರಡು ಪುಸ್ತಕಕ್ಕೂ ಒಂದೇ ಕಾಗದ, ಒಂದೇ ಅಳತೆ, ಒಂದೇ ಅಕ್ಷರ. ಕಡಿಮೆ ಖರ್ಚಿನ ಉಪಾಯ ಎಂದು ಯಜಮಾನರೇ ಹಾಗೆ ಮಾಡಿಸಿದ್ದರು. ಅಂದಮೇಲೆ ಆಗಿರುವುದು ಇಷ್ಟೇ: ಮುನ್ನೂರರಲ್ಲಿ ಯಾವುದೋ ಒಂದು ಪ್ರತಿಯಲ್ಲಿ, ತೊಂಬತ್ತೇಳನೇ ಪುಟದಿಂದ ನೂರ ಹನ್ನೆರಡರವರೆಗೆ, ಓಟದಜ್ಜನ ಬಾಳಿನೊಳಗೆ ಚರಂಡಿ ಹರಿಯುತ್ತಿದೆ.

ಅದೂ ಎಂಥ ಜಾಗದಲ್ಲಿ! ಊರ ಸುತ್ತಿನ ಮಹಾ ಓಟದ ಕತೆ ಚಿಕ್ಕ ಮಕ್ಕಳಿಗೂ ಗೊತ್ತು. ಎಲ್ಲರಿಗಿಂತ ಮುಂದಿದ್ದ ಓಟದಜ್ಜ, ಹಿಂದೆ ಎದುರಾಳಿ ಬಿದ್ದದ್ದು ಕಂಡು, ವಾಪಸು ಹೋಗಿ ಅವನನ್ನು ಎತ್ತಿ ನಿಲ್ಲಿಸಿ, ತಾನು ನಾಲ್ಕನೆಯವನಾದ. ಆ ತ್ಯಾಗದ ಮೇಲೆ ಶಾಲೆಯಲ್ಲಿ ಪ್ರಬಂಧ ಬರೆಸುತ್ತಿದ್ದರು. ಪುಸ್ತಕದ ತೊಂಬತ್ತಾರನೇ ಪುಟ “ಕೊನೆಯ ತಿರುವಿನಲ್ಲಿ ಅವರು ಇದ್ದಕ್ಕಿದ್ದಂತೆ” ಎಂದು ಮುಗಿಯುತ್ತಿತ್ತು. ಮುಂದಿನ ಪುಟ “ನಿಂತರು, ಹಿಂತಿರುಗಿ ನೋಡಿದರು” ಎಂದು ಶುರುವಾಗಬೇಕು. ಗೋಂದಪ್ಪ ಚರಂಡಿಯ ಏಳನೇ ಫಾರಂ ತೆರೆದ. ಹಿಂದೆಂದೋ ತಪಾಸಣೆಗೆ ಬಂದ ಆರೋಗ್ಯಾಧಿಕಾರಿಯೊಬ್ಬರ ಪ್ರಸಂಗ ಅದು. “ತೆರೆದ ಚರಂಡಿಯೊಳಗೆ ಮಾಯವಾದರು. ದಾರಿಹೋಕರು ಹಗ್ಗ ಇಳಿಬಿಟ್ಟು ಮೇಲೆತ್ತಿದರು.”

“ಯಜಮಾನರು ಏನಂದಿದ್ರು, ನೆನಪಿದೆಯಾ?” ಎಂದಳು ಹೆಂಡತಿ.

ನೆನಪಿಲ್ಲದೆ ಏನು? ಹೋದ ತಿಂಗಳು ಸೇತುವೆಗಳ ಚರಿತ್ರೆಗೆ ರಟ್ಟು ತಲೆಕೆಳಗಾಗಿ ಕೂತಾಗ ಯಜಮಾನರು ಹೇಳಿದ್ದರು: “ಇನ್ನು ಒಂದೇ ಒಂದು ತಪ್ಪಾಗ್ಲಿ, ಸೂಜಿ ದಾರ ತಗೊಂಡು ಮನೆಗೆ ನಡಿ.” ಸೂಜಿ ದಾರ ಬಿಟ್ಟರೆ ಗೋಂದಪ್ಪನಿಗೆ ಬೇರೆ ಕಸುಬು ಗೊತ್ತಿರಲಿಲ್ಲ. ಅವನು ಸರಿಯಾದ ಫಾರಂ ಚೀಲಕ್ಕೆ ಹಾಕಿಕೊಂಡು, ಸೂಜಿ ದಾರವನ್ನೂ ಜೇಬಿಗಿಳಿಸಿ, ಸಭಾಂಗಣದತ್ತ ಓಡಿದ. ಆ ಓಟವನ್ನು ಓಟದಜ್ಜ ನೋಡಿದ್ದರೆ ಮೆಚ್ಚುತ್ತಿದ್ದ.

ಬಾಗಿಲ ಬಳಿ ಮೇಜಿನ ಮೇಲೆ ಪುಸ್ತಕದ ಗುಡ್ಡೆ. ಮಾರುವಾಕೆ ಕುರ್ಚಿ ಎಳೆದುಕೊಳ್ಳುವಷ್ಟರಲ್ಲಿ ಗೋಂದಪ್ಪ ಒಂದೊಂದೇ ಎತ್ತಿ ತೊಂಬತ್ತೇಳನೇ ಪುಟ ತೆರೆದು ನೋಡಿ ಕೆಳಗಿಡತೊಡಗಿದ.

“ಏನಣ್ಣ, ಒಂದೇ ಪುಟವನ್ನ ಎಷ್ಟು ಸಲ ಓದ್ತೀರಾ? ಬೇಕಾದ್ರೆ ತಗೊಳ್ಳಿ, ಇಲ್ಲಾಂದ್ರೆ ಬಿಡಿ.”

“ಹೊಲಿಗೆ ನೋಡ್ತಿದೀನಮ್ಮ, ಹೊಲಿಗೆ...”

ನೂರ ಹತ್ತು ಮುಗಿಯಿತು. ಎಲ್ಲವೂ ಸರಿಯಾಗಿಯೇ ಇದ್ದವು. ತನ್ನ ಕೆಲಸ ಇಷ್ಟು ಚೆನ್ನಾಗಿರುವುದು ಕಂಡು ಅವನಿಗೆ ಅಳು ಬರುವಂತಾಯಿತು. ಅಷ್ಟರಲ್ಲಿ ಹೆಗಲ ಮೇಲೊಂದು ಕೈ ಬಿತ್ತು. ಪಕ್ಕದ ಮನೆಯ ನಿವೃತ್ತ ಮೇಷ್ಟ್ರು. ಬೀದಿಯಲ್ಲಿ ಯಾರ ಮನೆಯ ಹಾಲು ಉಕ್ಕಿದರೂ ಮೊದಲು ಅವರಿಗೆ ಗೊತ್ತಾಗಬೇಕು.

“ತೊಂಬತ್ತೇಳನೇ ಪುಟದಲ್ಲಿ ಏನಿದೆಯೋ?”

“ಏನೂ ಇಲ್ಲ ಮೇಷ್ಟ್ರೇ.”

“ಏನೂ ಇಲ್ದೇ ಇದ್ರೆ ಹಿಂಗ್ಯಾಕೆ ಬೆವರ್ತಿದೀಯಾ? ಹೊಲಿದವನು ನೀನು. ಒಳಗಿಂದು ನಿನಗೆ ಗೊತ್ತಿರುತ್ತೆ.” ಮೇಷ್ಟ್ರು ಅರ್ಥವಾಯಿತೆಂಬಂತೆ ಕಣ್ಣು ಮಿಟುಕಿಸಿ, ಒಂದು ಪ್ರತಿ ಕೊಂಡು ಒಳಗೆ ನಡೆದರು.

ಐದೇ ನಿಮಿಷ. ಸಭಾಂಗಣದಲ್ಲಿ ತೊಂಬತ್ತೇಳು ಎಂಬ ಸಂಖ್ಯೆ ಒಣಹುಲ್ಲಿಗೆ ಬಿದ್ದ ಕಿಡಿಯಂತೆ ಸಾಲಿನಿಂದ ಸಾಲಿಗೆ ಹಾರಿತು. ಪುಸ್ತಕವೆಂದರೆ ತಲೆದಿಂಬು ಎಂದುಕೊಂಡವರೂ ಎದ್ದು ಬಂದು ಕೊಂಡರು. ಮೇಜು ಬರಿದಾಯಿತು. ಗೋಂದಪ್ಪ ಕುರ್ಚಿಗಳ ಸಾಲಿನೊಳಗೆ ನುಗ್ಗಿ ಒಬ್ಬೊಬ್ಬರನ್ನೇ ಬೇಡಿಕೊಂಡ.

“ಅಮ್ಮಾ, ಸ್ವಲ್ಪ ತೊಂಬತ್ತೇಳನೇ ಪುಟ ತೋರಿಸ್ತೀರಾ?”

ಆಕೆ ಪುಸ್ತಕವನ್ನು ಎದೆಗೆ ಅವುಚಿಕೊಂಡಳು. “ವಯಸ್ಸಾದವರು ನೀವು! ನಾಚಿಕೆ ಆಗಲ್ವಾ?”

ಅವಳ ಹಿಂದಿನ ಸಾಲಿನವನು ಆಗಲೇ ಓದಿ ಮುಗಿಸಿದ್ದ. “ಇದರಲ್ಲಿ ಏನೂ ಇಲ್ವಲ್ರೀ! ಎತ್ತಿದ, ನಿಲ್ಲಿಸಿದ, ಅಷ್ಟೇ.”

“ಎತ್ತಿದ ಅಂತ ಬರೆದಿದೆ. ಯಾಕೆ ಎತ್ತಿದ ಅಂತ ಯೋಚನೆ ಮಾಡಿ,” ಎಂದರು ಮೇಷ್ಟ್ರು, ತಮಗೂ ಗೊತ್ತಿಲ್ಲದ ಗುಟ್ಟಿನ ಭಾರಕ್ಕೆ ತಲೆ ತೂಗುತ್ತ.

ಕೆಲವರು ತೋರಿಸಿದರು, ಕೆಲವರು ಗದರಿದರು, ಉಳಿದವರದ್ದನ್ನು ಭುಜದ ಮೇಲಿಂದ ಇಣುಕಿ ನೋಡಿದ. ಹನ್ನೊಂದೂವರೆಗೆ ಇನ್ನೂರ ತೊಂಬತ್ತೊಂಬತ್ತಾಯಿತು. ಒಂದರಲ್ಲೂ ಚರಂಡಿ ಇರಲಿಲ್ಲ. ಗೋಂದಪ್ಪ ಮೆಲ್ಲಗೆ ತಲೆಯೆತ್ತಿ ವೇದಿಕೆ ನೋಡಿದ.

ಓಟದಜ್ಜ ಮಡಿಲಲ್ಲಿ ಪುಸ್ತಕ ತೆರೆದಿಟ್ಟು, ದಪ್ಪ ಕನ್ನಡಕವನ್ನು ಹಾಳೆಗೆ ತಾಗಿಸಿ ಓದುತ್ತಿದ್ದ. ಪುಸ್ತಕ ತೆರೆದಿದ್ದದ್ದು ಸರಿಸುಮಾರು ನಡುವಿಗೆ.

ಗೋಂದಪ್ಪ ಒಂದು ಲೋಟ ನೀರು ಹಿಡಿದುಕೊಂಡು ವೇದಿಕೆ ಹತ್ತಿದ. “ಅಜ್ಜಾ, ನೀರು ತಗೊಳ್ಳಿ. ಆ ಪುಸ್ತಕ ಇಲ್ಲಿ ಕೊಡಿ, ಬೇರೆ ಕೊಡ್ತೀನಿ. ಅದು ಸ್ವಲ್ಪ...”

ಅಜ್ಜ ತಲೆಯೆತ್ತಿದ. ಕಣ್ಣು ತುಂಬಿತ್ತು. “ಇದನ್ನ ಯಾರಪ್ಪ ಬರೆದದ್ದು?”

ಗೋಂದಪ್ಪ ತಂದ ನೀರನ್ನು ತಾನೇ ಕುಡಿದ.

ಅಜ್ಜ ಕೋಲೂರಿ ಎದ್ದು ಮೈಕಿನ ಮುಂದೆ ನಿಂತ. “ಎಲ್ಲರೂ ಕೇಳ್ರಪ್ಪಾ. ನಾನು ಯಾರನ್ನೂ ಎತ್ತಲಿಲ್ಲ. ಆಕಾಶ ನೋಡ್ಕೊಂಡು ಓಡ್ತಿದ್ದೆ, ಚರಂಡಿಗೆ ಬಿದ್ದೆ. ಮೈಯೆಲ್ಲ ಕೆಸರು ಮಾಡ್ಕೊಂಡು ಬಂದಾಗ, ಬಿದ್ದವನನ್ನ ಎತ್ತಿ ಬಂದೆ ಅಂತ ನೀವೇ ಅಂದ್ಕೊಂಡ್ರಿ. ಹೊತ್ಕೊಂಡು ಕುಣಿದ್ರಿ. ಇಲ್ಲ ಅನ್ನೋಕೆ ನನಗೆ ಬಾಯಿ ಬರಲಿಲ್ಲ. ಐವತ್ತು ವರ್ಷದಿಂದ ಈ ಸುಳ್ಳು ಹೊತ್ಕೊಂಡು ಓಡ್ತಿದೀನಿ. ಇವತ್ತು ಈ ಪುಸ್ತಕ ಅದನ್ನ ಇಳಿಸಿಬಿಡ್ತು. ನನ್ನನ್ನ ಹಗ್ಗ ಹಾಕಿ ಎತ್ತಿದ್ದೂ ಇದೆ ಇದ್ರಲ್ಲಿ! ನಾನು ಬಿದ್ದದ್ದಕ್ಕೇ ಊರಿನ ಚರಂಡಿಗೆಲ್ಲ ಚಪ್ಪಡಿ ಹಾಕಿಸಿದ್ರಂತೆ. ನನಗೇ ಗೊತ್ತಿರಲಿಲ್ಲ! ಚಪ್ಪಡಿ ಅಳತೆ ಸಮೇತ ಬರೆದಿದಾರೆ. ಎಂಥ ಸಂಶೋಧನೆ!”

ಒಂದು ಕ್ಷಣ ಸೂಜಿ ಬಿದ್ದರೂ ಕೇಳಿಸುವಷ್ಟು ಮೌನ. ಬಿದ್ದದ್ದು ನಿಜಕ್ಕೂ ಸೂಜಿಯೇ, ಗೋಂದಪ್ಪನ ಜೇಬಿನಿಂದ. ಮರುಕ್ಷಣ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಪುಸ್ತಕದ ಲೇಖಕರು ಮೊದಲು ಬೆಪ್ಪಾಗಿ ನೋಡಿದರು; ಚಪ್ಪಾಳೆ ನಿಲ್ಲದಿರುವುದು ಕಂಡು ಮೆಲ್ಲಗೆ ಎದ್ದು, ಸತ್ಯ ಹುಡುಕುವುದು ಬರಹಗಾರನ ಧರ್ಮ ಎಂದು ಕೈಮುಗಿದರು.

ಗೋಂದಪ್ಪನ ಚೀಲದಲ್ಲಿ ಸರಿಯಾದ ಫಾರಂ ಇತ್ತು. ತೆಗೆದು ತೋರಿಸಿದರೆ ಒಂದೇ ಮಾತಿನಲ್ಲಿ ಎಲ್ಲ ಇತ್ಯರ್ಥ. ಅಜ್ಜ ಆ ಪುಸ್ತಕವನ್ನು ಎಳೆಮಗುವಿನಂತೆ ಎರಡೂ ಕೈಯಲ್ಲಿ ಹಿಡಿದುಕೊಂಡಿದ್ದ. ಗೋಂದಪ್ಪ ಚೀಲದ ಬಾಯಿ ಮುಚ್ಚಿದ.

ಆಗ ಕೆಳಗಿನಿಂದ ಮೇಷ್ಟ್ರ ಧ್ವನಿ ಬಂತು. “ನನ್ನ ಪುಸ್ತಕದಲ್ಲಿ ಚರಂಡಿ ಇಲ್ವಲ್ಲ!”

“ನನ್ನದರಲ್ಲೂ ಇಲ್ಲ!”

“ನಮಗೆಲ್ಲ ತಪ್ಪು ಪುಸ್ತಕ ಕೊಟ್ಟಿದಾರೆ!”

ಮೇಜಿನ ಮೇಲೆ ಮತ್ತೆ ಗುಡ್ಡೆ ಬೆಳೆಯಿತು. ಬೆಳಿಗ್ಗೆಗಿಂತ ಒಂದೇ ಒಂದು ಕಡಿಮೆ. ಲೇಖಕರು ಗೋಂದಪ್ಪನ ತೋಳು ಹಿಡಿದು ಮೂಲೆಗೆಳೆದು ಪಿಸುಗುಟ್ಟಿದರು: “ಆ ಪುಟ ಎಲ್ಲಿಂದ ಬಂತೋ ನಾ ಕೇಳಲ್ಲ ಮಾರಾಯ. ಆದ್ರೆ ಎಲ್ಲ ಪುಸ್ತಕದಲ್ಲೂ ಬರ್ಲಿ.”

ತಾವು ಅಚ್ಚು ಹಾಕಿದ ಪುಸ್ತಕ ಓದಿ ಕಣ್ಣು ಕೆಡಿಸಿಕೊಂಡವರಲ್ಲ ಯಜಮಾನರು. ಮಧ್ಯಾಹ್ನ, ಲೇಖಕರಿಂದ ವಿಷಯ ಕೇಳಿ, ವಾಪಸು ಬಂದ ಪುಸ್ತಕಗಳ ಪಕ್ಕ ಹಿಂದಿನ ಕೋಣೆಯಲ್ಲಿ ಸೊಂಟಕ್ಕೆ ಕೈಯಿಟ್ಟು ನಿಂತರು.

“ಅಜ್ಜನ ಪ್ರತಿಯಲ್ಲಿರೋ ಏಳನೇ ಫಾರಂ ಇನ್ನೂ ಎಷ್ಟಿದೆಯೋ?”

ಗೋಂದಪ್ಪ ಚರಂಡಿಯ ಕಟ್ಟಿನ ಕಡೆ ಬೆರಳು ಮಾಡಿದ. “ಇನ್ನೂರ ತೊಂಬತ್ತೊಂಬತ್ತು.”

“ನೋಡು! ಸರಿಯಾದ್ದನ್ನ ಮುಂದೆ ಇಟ್ಕೊಂಡು ತಪ್ಪನ್ನ ಹೊಲಿದಿದೀಯಾ!”

“ಯಜಮಾನ್ರೇ, ನಿಜ ಹೇಳ್ಬೇಕಂದ್ರೆ ತಪ್ಪಾಗಿದ್ದು ಒಂದೇ...”

“ಒಂದೇನಾ? ಒಂದು ತಪ್ಪಾಗಿದ್ರೆ ಈಗ್ಲೇ ಮನೆಗೆ ಕಳಿಸ್ತಿದ್ದೆ.”

ಗೋಂದಪ್ಪ ಬಾಯಿ ಮುಚ್ಚಿದ.

“ಇನ್ನೂರ ತೊಂಬತ್ತೊಂಬತ್ತು ತಪ್ಪು! ಎಲ್ಲಾ ಬಿಚ್ಚಿ ಮತ್ತೆ ಹೊಲಿಯೋವರೆಗೆ ಈ ಕೋಣೆ ಬಿಟ್ಟು ಕದಲೋ ಹಾಗಿಲ್ಲ!”

ಹೀಗೆ ಕೆಲಸ ಉಳಿಯಿತು. ಗೋಂದಪ್ಪ ಮೊದಲ ಪ್ರತಿ ಎತ್ತಿಕೊಂಡ. ಅವನ ಜೀವನದಲ್ಲೇ ಅಷ್ಟು ನೇರವಾದ ಹೊಲಿಗೆ ಬಿದ್ದಿರಲಿಲ್ಲ. ಕತ್ತರಿ ಹಾಕಿದ. ಹೆಂಡತಿ ಕುರ್ಚಿಯನ್ನು ಅವನ ಮೇಜಿನ ಪಕ್ಕಕ್ಕೆ ಎಳೆದುಕೊಂಡು ತಾನೂ ಒಂದು ಕತ್ತರಿ ಹಿಡಿದಳು. ಒಂದು ಕಡೆ ಚರಂಡಿಯ ಏಳನೇ ಫಾರಂ ಕರಗುತ್ತ ಬಂತು, ಇನ್ನೊಂದು ಕಡೆ ಓಟದ ಏಳನೇ ಫಾರಂ ಬೆಳೆಯುತ್ತ ಹೋಯಿತು.

ಸಂಜೆಯ ಹೊತ್ತಿಗೆ ಮುಂದಿನ ಕೋಣೆಯಲ್ಲಿ ಫೋನು ರಿಂಗಾಯಿತು. “ಎಂಜಿನಿಯರ್ ಸಾಹೇಬ್ರೇ, ನಮಸ್ಕಾರ!” ಎನ್ನುತ್ತಿದ್ದರು ಯಜಮಾನರು. “ನಿಮ್ಮ ಚರಂಡಿ ಇತಿಹಾಸಾನಾ? ಫಾರಂ ಎಲ್ಲ ರೆಡಿ ಇದೆ. ಒಂದು ನಿಮಿಷ... ಲೋ ಗೋಂದಪ್ಪಾ, ಏಳನೇ ಫಾರಂ ಒಂದು ಕಡಿಮೆ ಅಂತ ಬೆಳಿಗ್ಗೆ ನಿನ್ನ ಹೆಂಡ್ತಿ ಅಂದ್ಲಲ್ಲ, ಸಿಕ್ತಾ?”

ಗೋಂದಪ್ಪ ಚೀಲದಿಂದ ಓಟದ ಆ ಒಂಟಿ ಫಾರಂ ತೆಗೆದು ಬಿಚ್ಚಿದವುಗಳ ಮೇಲಿಟ್ಟ. ಮೂರು ಸಲ ಎಣಿಸಿದ. ಏಳನೇ ಫಾರಂ, ಮುನ್ನೂರು.

“ಸಿಕ್ತು ಯಜಮಾನ್ರೇ,” ಎಂದ. “ಈಗ ಒಂದೂ ಕಡಿಮೆ ಇಲ್ಲ.”